ಹಗ್ಗ ಇಲ್ಲ, ಎಳೆತ ಇದೆ: ಮೂಕಾಭಿನಯದ ಒಳಗುಟ್ಟು

ಮೊದಲ ಸಲ ಮೂಕಾಭಿನಯದ ಶಿಬಿರಕ್ಕೆ ಹೋಗಿದ್ದಾಗ ನನಗೆ ಸಿಕ್ಕ ಕೆಲಸ ತೀರಾ ಸುಲಭದ್ದು ಅನ್ನಿಸಿತ್ತು. ಹಗ್ಗ ಎಳೆಯಬೇಕು. ಹಗ್ಗ ಇರುವುದಿಲ್ಲ, ಇದೆ ಅಂದುಕೊಂಡು ಎಳೆಯಬೇಕು, ಅಷ್ಟೇ. ನಾನು ಹಲ್ಲು ಕಚ್ಚಿದೆ, ಕಣ್ಣು ಅಗಲಿಸಿದೆ, ಕುತ್ತಿಗೆಯ ನರ ಉಬ್ಬಿಸಿದೆ, ಎರಡೂ ಮುಷ್ಟಿಗಳನ್ನು ಒಂದಾದ ಮೇಲೊಂದರಂತೆ ಎದೆಯ ಕಡೆ ತಂದೆ. ಹಿಂದೆ ಕೂತಿದ್ದ ಒಬ್ಬರು "ಹಾಲು ಕರೀತಾ ಇದ್ದಾರಾ?" ಅಂತ ಪಿಸುಗುಟ್ಟಿದ್ದು ಚೆನ್ನಾಗಿಯೇ ಕೇಳಿಸಿತು.

ಹೇಳಿಕೊಡುತ್ತಿದ್ದವರು ಬೈಯಲಿಲ್ಲ. ಒಳಗಿಂದ ನಿಜವಾದ ಹಗ್ಗ ತಂದರು, ಆ ಕಡೆ ಇಬ್ಬರು ಗಟ್ಟಿಮುಟ್ಟಾದವರನ್ನು ನಿಲ್ಲಿಸಿದರು, "ಈಗ ಎಳೀರಿ" ಅಂದರು. ಎಳೆದಾಗ ಗೊತ್ತಾಯಿತು, ಮೊದಲು ಕೆಲಸ ಶುರು ಮಾಡುವುದು ಕೈಯಲ್ಲ. ಹಿಮ್ಮಡಿ ನೆಲಕ್ಕೆ ಒತ್ತಿಕೊಳ್ಳುತ್ತದೆ, ಮಂಡಿ ಬಗ್ಗುತ್ತದೆ, ಸೊಂಟ ಹಿಂದಕ್ಕೆ ಹೋಗಿ ಕೂರುತ್ತದೆ, ಬೆನ್ನು ಬಿಗಿಯಾಗುತ್ತದೆ. ಕೈ ಮಾತ್ರ ಹಿಡಿದಲ್ಲೇ ಇರುತ್ತದೆ, ಯಾಕಂದರೆ ಆ ಕಡೆಯವರು ಬಿಡುತ್ತಿಲ್ಲ. ಮುಖ ಹೇಗಿದೆ ಅಂತ ಯೋಚಿಸಲು ಪುರುಸೊತ್ತೇ ಇಲ್ಲ. ಆಮೇಲೆ ಹಗ್ಗ ತೆಗೆದರು, ಈಗ ಆಗಿದ್ದನ್ನೇ ಮತ್ತೆ ಮಾಡಿ ಅಂದರು. ಆ ಹೊತ್ತಿಗೆ ಯಾರೂ ಪಿಸುಗುಟ್ಟಲಿಲ್ಲ.

ಮೂಕಾಭಿನಯದ ಬಗ್ಗೆ ನನಗೆ ಗೊತ್ತಿರುವುದರಲ್ಲಿ ಮುಕ್ಕಾಲು ಪಾಲು ಆ ಹತ್ತು ನಿಮಿಷದಲ್ಲೇ ಇದೆ. ಇಲ್ಲದ ವಸ್ತುವನ್ನು ಯಾರೂ ತೋರಿಸಲು ಆಗುವುದಿಲ್ಲ. ಆ ವಸ್ತು ಮೈಗೆ ಏನು ಮಾಡುತ್ತಿದೆ ಅನ್ನುವುದನ್ನು ತೋರಿಸಬಹುದು. ಉಳಿದದ್ದನ್ನು ನೋಡುವವರ ಕಣ್ಣೇ ತುಂಬಿಕೊಳ್ಳುತ್ತದೆ. ನಾವೆಲ್ಲ ಹುಟ್ಟಿದಾಗಿನಿಂದ ಭಾರ ಎತ್ತಿದವರು, ಜಾರಿ ಬಿದ್ದವರು, ಬಾಗಿಲು ತಳ್ಳಿದವರು. ಎದುರಿನ ಮೈ ಸುಳ್ಳು ಹೇಳುತ್ತಿದೆಯಾ ನಿಜ ಹೇಳುತ್ತಿದೆಯಾ ಅಂತ ನಮಗೆ ಯಾರೂ ಹೇಳಿಕೊಡಬೇಕಿಲ್ಲ.

ಎಲ್ಲರಿಗೂ ಗೊತ್ತಿರುವ ಗೋಡೆಯ ಆಟವನ್ನೇ ತೆಗೆದುಕೊಳ್ಳಿ. ಬಿಳಿ ಮುಖದ ಒಬ್ಬ ಮನುಷ್ಯ, ಎದುರಿಗೆ ಕಾಣದ ಗಾಜಿನ ಗೋಡೆ, ಅಂಗೈಯಿಂದ ತಡವುತ್ತಾ ದಾರಿ ಹುಡುಕುತ್ತಾನೆ. ಸುಮ್ನೆ ಕೈ ಮುಂದೆ ಚಾಚಿ ಅಲ್ಲಾಡಿಸಿದರೆ ಕಿಟಕಿ ಒರೆಸಿದಂತೆ ಕಾಣುತ್ತದೆ. ಗೋಡೆ ಹುಟ್ಟುವುದು ಬೇರೆ ರೀತಿ. ಕೈ ಗಾಳಿಯಲ್ಲಿ ಬರುವಾಗ ಬೆರಳು ಸಡಿಲವಾಗಿ, ಸ್ವಲ್ಪ ಮಡಚಿಕೊಂಡು ಇರಬೇಕು. ಮುಟ್ಟಿದ ಕ್ಷಣ ಅಂಗೈ ಟಪ್ ಅಂತ ಚಪ್ಪಟೆಯಾಗಬೇಕು. ಆಮೇಲೆ ಆ ಕೈ ಕೂದಲೆಳೆಯಷ್ಟೂ ಕದಲಬಾರದು. ಮೈ ಎಡಕ್ಕೆ ವಾಲಲಿ, ಕುಕ್ಕರುಗಾಲಲ್ಲಿ ಕೂರಲಿ, ತಲೆ ತಿರುಗಿಸಿ ಹಿಂದೆ ನೋಡಲಿ, ಅಂಗೈ ಮಾತ್ರ ಇಟ್ಟಲ್ಲೇ ಇರಬೇಕು. ಇದಕ್ಕೆ ಸ್ಥಿರ ಬಿಂದು ಅನ್ನುತ್ತಾರೆ. ಮೈಯೆಲ್ಲ ಚಲಿಸುತ್ತಿದ್ದು ಒಂದೇ ಒಂದು ಜಾಗ ನಿಂತುಬಿಟ್ಟರೆ, ಅದನ್ನು ಹೊರಗಿನ ಏನೋ ಹಿಡಿದಿದೆ ಅಂತ ನೋಡುವವರಿಗೆ ಅನ್ನಿಸುತ್ತದೆ. ಕಷ್ಟ ಇರುವುದು ಇಲ್ಲೇ. ನಮ್ಮ ತೋಳು ಭುಜಕ್ಕೆ ಅಂಟಿಕೊಂಡಿದೆ, ಭುಜ ಅಲ್ಲಾಡಿದರೆ ಕೈಯೂ ಅಲ್ಲಾಡುತ್ತದೆ. ಮೈ ಒಂದು ಇಂಚು ಮುಂದೆ ಹೋದರೆ ಮೊಣಕೈ ಅಷ್ಟೇ ಮಡಚಿಕೊಂಡು ಲೆಕ್ಕ ಸರಿಮಾಡಬೇಕು. ಕನ್ನಡಿ ಮುಂದೆ ತಿಂಗಳುಗಟ್ಟಲೆ ಅಭ್ಯಾಸ ಮಾಡುವುದು ಇದನ್ನೇ.

ಇನ್ನೊಂದು, ಭಾರ. ಒಂದು ಕೈಯಲ್ಲಿ ತುಂಬಿದ ಸೂಟ್‌ಕೇಸ್ ಹಿಡಿದವನ ಹೆಗಲು ಆ ಕಡೆ ಇಳಿದಿರುತ್ತದೆ, ಅದನ್ನು ಸರಿದೂಗಿಸಲು ಸೊಂಟ ಈ ಕಡೆ ಸರಿದಿರುತ್ತದೆ, ಖಾಲಿ ಕೈ ತಾನಾಗಿ ಸ್ವಲ್ಪ ಹೊರಗೆ ಚಾಚಿಕೊಂಡಿರುತ್ತದೆ. ಭಾರ ಕಾಣಿಸುವುದು ಸೂಟ್‌ಕೇಸ್ ಹಿಡಿದ ಕೈಯಲ್ಲಲ್ಲ, ಖಾಲಿ ಕೈಯಲ್ಲಿ! ನನಗಂತೂ ಇದು ಗೊತ್ತಾದ ಮೇಲೆ ಬಸ್ ನಿಲ್ದಾಣದಲ್ಲಿ ಜನರನ್ನು ನೋಡುತ್ತಾ ನಿಲ್ಲುವ ಚಟ ಹತ್ತಿಬಿಟ್ಟಿತು.

ಮುಂದೆ ನಡೆದಂತೆ ಕಾಣುತ್ತಾ ಹಿಂದಕ್ಕೆ ಜಾರುವ ಮೂನ್‌ವಾಕ್ ಕೂಡ ಇದೇ ಲೆಕ್ಕ. ಮೈಕೆಲ್ ಜಾಕ್ಸನ್ 1983ರಲ್ಲಿ ಟಿವಿಯಲ್ಲಿ ಅದನ್ನು ಮಾಡಿ ಜಗತ್ತನ್ನೇ ಮರುಳು ಮಾಡಿದ. ಅದು ಮೂಕಾಭಿನಯದವರ ನಿಂತಲ್ಲೇ ನಡೆಯುವ ನಡಿಗೆಗೆ ಹತ್ತಿರದ ನೆಂಟ. ನೋಡುವವರು ಏನೆಂದುಕೊಳ್ಳುತ್ತಾರೆ? ಪೂರ್ತಿ ಪಾದ ನೆಲಕ್ಕೆ ಊರಿರುವ ಕಾಲ ಮೇಲೆ ಮೈಭಾರ ಇದೆ, ಹಿಮ್ಮಡಿ ಎತ್ತಿದ ಕಾಲು ಹಗುರವಾಗಿದೆ ಅಂತ. ನಿಜದಲ್ಲಿ ಉಲ್ಟಾ. ಹಿಮ್ಮಡಿ ಎತ್ತಿ ಬೆರಳ ಮೇಲೆ ನಿಂತ ಕಾಲೇ ಇಡೀ ಮೈ ಹೊತ್ತಿರುತ್ತದೆ, ಚಪ್ಪಟೆಯಾಗಿ ಊರಿದಂತೆ ಕಾಣುವ ಕಾಲು ಹಗುರವಾಗಿ ಹಿಂದಕ್ಕೆ ಜಾರುತ್ತದೆ. ಭಾರ ಎಲ್ಲಿದೆ ಅನ್ನುವ ವಿಷಯದಲ್ಲಿ ಕಣ್ಣಿಗೆ ಮಂಕುಬೂದಿ ಎರಚಿದರೆ ಸಾಕು, ಉಳಿದ ಮಾಯೆಯನ್ನು ಕಣ್ಣೇ ಮಾಡಿಕೊಳ್ಳುತ್ತದೆ.

ಇದನ್ನೆಲ್ಲ ಶಾಸ್ತ್ರದಂತೆ ಕಟ್ಟಿ ಕೂರಿಸಿದ್ದು ಫ್ರಾನ್ಸಿನ ಎತಿಯೆನ್ ದೆಕ್ರೂ (1898–1991). ಮನುಷ್ಯ ಸ್ವಲ್ಪ ಹಟಮಾರಿ. ಮುಖ ಮತ್ತು ಕೈಯಿಂದ ಎಲ್ಲರೂ ಏನೋ ಒಂದು ಮಾಡಿ ತೋರಿಸಿಬಿಡುತ್ತಾರೆ, ನಟನ ನಿಜವಾದ ಬಂಡವಾಳ ಇರುವುದು ಎದೆ, ಹೊಟ್ಟೆ, ಬೆನ್ನು, ಸೊಂಟದಲ್ಲಿ ಅನ್ನುವುದು ಅವರ ವಾದ. ಅದಕ್ಕೇ ಮುಖಕ್ಕೆ ಬಟ್ಟೆ ಮುಚ್ಚಿಕೊಂಡು ಅಭಿನಯಿಸುವ ಅಭ್ಯಾಸ ಅವರಲ್ಲಿತ್ತು. ಮುಖ ಮುಚ್ಚಿದರೆ ಆಯಿತು, ನನ್ನ ಹಾಗೆ ಹಲ್ಲು ಕಚ್ಚಿ ಪಾರಾಗುವ ದಾರಿ ಬಂದ್.

ಅವರ ಶಿಷ್ಯ ಮಾರ್ಸೆಲ್ ಮಾರ್ಸೋ (1923–2007). ಮೂಕಾಭಿನಯ ಅಂದಾಗ ನಮ್ಮ ಕಣ್ಣ ಮುಂದೆ ಬರುವ ಪಟ್ಟೆಪಟ್ಟೆ ಅಂಗಿ, ಬಿಳಿ ಮುಖ, ಹೂವು ಸಿಕ್ಕಿಸಿದ ನಜ್ಜುಗುಜ್ಜಾದ ಟೋಪಿ ಇವೆಲ್ಲ ಮಾರ್ಸೋ 1947ರಲ್ಲಿ ಹುಟ್ಟುಹಾಕಿದ ಬಿಪ್ ಅನ್ನುವ ಪಾತ್ರದ್ದು. ಗುರು ಮುಖ ಮುಚ್ಚಿದರೆ ಶಿಷ್ಯ ಅದಕ್ಕೆ ಸುಣ್ಣ ಬಳಿದು ಎಲ್ಲರಿಗೂ ಕಾಣಿಸಿದ. ಆದರೆ ಗುರುವಿನ ಪಾಠ ಮರೆತಿರಲಿಲ್ಲ ಅನ್ನುವುದಕ್ಕೆ ಮುಖವಾಡ ಮಾಡುವವನ ಕಥೆ ನೋಡಬೇಕು. ಒಬ್ಬ ಕುಶಲಕರ್ಮಿ ತಾನು ಮಾಡಿದ ಮುಖವಾಡಗಳನ್ನು ಒಂದೊಂದಾಗಿ ಹಾಕಿ ನೋಡುತ್ತಿದ್ದಾನೆ. ಅಳುವುದು, ನಗುವುದು, ಅಳುವುದು, ನಗುವುದು. ಕೈ ಮುಖದ ಮುಂದೆ ಹಾದುಹೋದರೆ ಸಾಕು, ಮುಖ ಬದಲಾಗಿರುತ್ತದೆ. ಹೀಗೆ ಆಡುತ್ತಿರುವಾಗ ನಗುವ ಮುಖವಾಡ ಅಂಟಿಕೊಂಡುಬಿಡುತ್ತದೆ, ಬಿಚ್ಚಲು ಬರುವುದಿಲ್ಲ. ಎಳೆಯುತ್ತಾನೆ, ತಿರುಚುತ್ತಾನೆ, ನೆಲಕ್ಕೆ ಬಿದ್ದು ಒದ್ದಾಡುತ್ತಾನೆ. ಮೈ ಪೂರ್ತಿ ಹತಾಶೆ, ಎದೆ ಏದುಸಿರು ಬಿಡುತ್ತಿದೆ, ಭುಜ ಕುಸಿದಿದೆ, ಮುಖ ಮಾತ್ರ ಕಿವಿಯಿಂದ ಕಿವಿಗೆ ನಗುತ್ತಿದೆ. ನೋಡುವವರು ನಂಬುವುದು ಯಾವುದನ್ನು? ಮೈಯನ್ನು. ಆ ನಗು ನೋಡುತ್ತಾ ಹೊಟ್ಟೆಯೊಳಗೆ ಏನೋ ಹಿಂಡಿದಂತಾಗುತ್ತದೆ. ದೆಕ್ರೂ ಹೇಳಿದ್ದನ್ನು ಇದಕ್ಕಿಂತ ಚೆನ್ನಾಗಿ ತೋರಿಸಲು ಸಾಧ್ಯವೇ ಇಲ್ಲ ಅಂತ ನನ್ನ ಅನಿಸಿಕೆ.

(ಇದೇ ಮಾರ್ಸೋ 1976ರ ಒಂದು ಮೂಕಿ ಶೈಲಿಯ ಹಾಸ್ಯ ಚಿತ್ರದಲ್ಲಿ ಬರುತ್ತಾರೆ. ಇಡೀ ಚಿತ್ರದಲ್ಲಿ ಬಾಯಿಬಿಟ್ಟು ಆಡಿದ ಮಾತು ಒಂದೇ, ಫ್ರೆಂಚಿನ "ನೋ". ಅದನ್ನು ಹೇಳಿದ್ದು ಮಾರ್ಸೋ!)

ಬಿಳಿ ಮುಖ ಎಲ್ಲಿಂದ ಬಂತು ಅನ್ನುವುದಕ್ಕೂ ಒಂದು ಹಿನ್ನೆಲೆ ಇದೆ. 19ನೇ ಶತಮಾನದ ಮೊದಲ ಭಾಗದಲ್ಲಿ ಪ್ಯಾರಿಸ್ಸಿನಲ್ಲಿ ಯಾವ ರಂಗಮಂದಿರ ಏನು ಆಡಿಸಬಹುದು ಅಂತ ಸರ್ಕಾರದ ಕಟ್ಟುಪಾಡು ಇತ್ತು. ಮಾತಿನ ನಾಟಕ ದೊಡ್ಡವರ ಪಾಲು. ಫ್ಯೂನಾಂಬ್ಯೂಲ್ ಅನ್ನುವ ಚಿಕ್ಕ ರಂಗಮಂದಿರದ ಪಾಲಿಗೆ ಬಂದಿದ್ದು ದೊಂಬರಾಟ, ಹಗ್ಗದ ಮೇಲಿನ ನಡಿಗೆ, ಮೂಕ ಆಟ. ಬಾಯಿಗೆ ಬೀಗ ಬಿದ್ದ ಆ ಜಾಗದಲ್ಲಿ ಜಾನ್ ಗಸ್ಪಾರ್ ದೆಬ್ಯೂರೋ (1796–1846) ಪಿಯೆರೊ ಅನ್ನುವ ಕೋಡಂಗಿಯ ಪಾತ್ರ ಮಾಡಿ ಮನೆಮಾತಾದರು. ಬಿಳಿ ಸಡಿಲ ಅಂಗಿ, ಬಿಳಿ ಮುಖ, ತಲೆಗೆ ಕಪ್ಪು ಟೋಪಿ. ಮಂದ ಬೆಳಕಿನ ರಂಗಮಂದಿರದಲ್ಲಿ ದೂರ ಕೂತವರಿಗೂ ಹುಬ್ಬು ಎದ್ದಿದ್ದು ಕಾಣಬೇಕೆಂದರೆ ಬಿಳಿ ಹಲಗೆಯಂಥ ಮುಖಕ್ಕಿಂತ ಒಳ್ಳೆಯ ಉಪಾಯ ಇಲ್ಲ. ಇವತ್ತು ಮೂಕಾಭಿನಯದವರಲ್ಲಿ ಅನೇಕರು ಬಣ್ಣವನ್ನೇ ಹಚ್ಚುವುದಿಲ್ಲ, ಅದು ಕಡ್ಡಾಯವೇನಲ್ಲ.

ಒಂದು ಗೊಂದಲ ಇಲ್ಲೇ ಬಗೆಹರಿಸಿಬಿಡೋಣ. ಸಿನಿಮಾ ಹೆಸರು ಕೈಸನ್ನೆಯಲ್ಲಿ ತೋರಿಸಿ ಊಹಿಸುವ ಆಟ ಮೂಕಾಭಿನಯ ಅಲ್ಲ. ಅಲ್ಲಿ ಸನ್ನೆ ಒಂದು ಪದದ ಬದಲಿಗೆ ನಿಂತಿರುತ್ತದೆ, ಪದ ಸಿಕ್ಕಿದ ಕೂಡಲೇ ಸನ್ನೆಯ ಕೆಲಸ ಮುಗಿಯಿತು. ಕಿವುಡರ ಸನ್ನೆ ಭಾಷೆಯೂ ಬೇರೆಯೇ. ಅದಕ್ಕೆ ತನ್ನದೇ ವ್ಯಾಕರಣ ಇದೆ, ಅದು ಪೂರ್ತಿ ಒಂದು ಭಾಷೆ. ಮೂಕಾಭಿನಯದಲ್ಲಿ ಪದವೇ ಬೇಕಿಲ್ಲ. "ಅವನಿಗೆ ಬಾಯಾರಿಕೆ" ಅಂತ ನೋಡುವವರು ಮನಸ್ಸಿನಲ್ಲಿ ಅನುವಾದ ಮಾಡಿಕೊಳ್ಳುವ ಮೊದಲೇ ಅವರ ಗಂಟಲು ಒಣಗಿರಬೇಕು.

ಈಗ ನಗುವಿನ ವಿಷಯ. ಇದು ಜಾಸ್ತಿ ಕಷ್ಟ.

ಬಿದ್ದರೆ ನಗು ಬರುತ್ತದೆ ಅಂತ ಎಲ್ಲರೂ ಅಂದುಕೊಂಡಿದ್ದಾರೆ. ಹಾಗಿದ್ದರೆ ಯಾರು ಬಿದ್ದರೂ ನಗು ಬರಬೇಕಿತ್ತಲ್ಲ? ಬರುವುದಿಲ್ಲ. ನಮ್ಮ ಗಾದೆಯೇ ಇದರ ಗುಟ್ಟು ಹೇಳಿಬಿಟ್ಟಿದೆ: ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ. ಬಿದ್ದಿದ್ದರಲ್ಲಿ ತಮಾಷೆ ಇಲ್ಲ, ಎದ್ದು ಮೀಸೆ ನೇವರಿಸಿಕೊಳ್ಳುವುದರಲ್ಲಿ ಇದೆ. ಚಾಪ್ಲಿನ್‌ನ ಅಲೆಮಾರಿಯನ್ನು ನೋಡಿ. 1914ರಲ್ಲಿ ತೆರೆಗೆ ಬಂದ ಆ ಪಾತ್ರದ ಪ್ಯಾಂಟು ದೊಗಲೆ, ಬೂಟು ದೊಡ್ಡದು, ಆದರೆ ಕೋಟು ಬಿಗಿ, ಟೋಪಿ ಸರಿಯಾಗಿ ಕೂತಿದೆ, ಕೈಯಲ್ಲಿ ಬೆತ್ತ. ಸೊಂಟದ ಕೆಳಗೆ ಭಿಕಾರಿ, ಮೇಲೆ ಸಾಹೇಬ. ಒದೆ ತಿಂದು ಬಿದ್ದವನು ಎದ್ದ ಕೂಡಲೇ ಮಾಡುವ ಮೊದಲ ಕೆಲಸ ಟೋಪಿ ಸರಿಮಾಡಿಕೊಳ್ಳುವುದು. ಎಲ್ಲ ಕಳೆದುಕೊಂಡರೂ ಮರ್ಯಾದೆ ಮಾತ್ರ ಬಿಡೆನು ಅನ್ನುವ ಆ ಹಟಕ್ಕೆ ನಾವು ನಗುತ್ತೇವೆ, ಯಾಕಂದರೆ ನಾವೂ ರಸ್ತೆಯಲ್ಲಿ ಎಡವಿದ ಮೇಲೆ ಏನೂ ಆಗಿಲ್ಲ ಅನ್ನುವಂತೆ ನಾಲ್ಕು ಹೆಜ್ಜೆ ಜೋರಾಗಿ ನಡೆಯುವವರೇ.

ಪ್ಯಾರಿಸ್ಸಿನಲ್ಲಿ 1956ರಲ್ಲಿ ನಟನೆಯ ಶಾಲೆ ತೆರೆದ ಜಾಕ್ ಲೆಕೋಕ್ ಅವರಿಗೂ ಇದು ಗೊತ್ತಾಗಿದ್ದು ಹೆಚ್ಚುಕಡಿಮೆ ಆಕಸ್ಮಿಕವಾಗಿ. ವಿದ್ಯಾರ್ಥಿಗಳನ್ನು ಸುತ್ತ ಕೂರಿಸಿ, ಒಬ್ಬೊಬ್ಬರಾಗಿ ನಡುವೆ ಬಂದು ನಮ್ಮನ್ನು ನಗಿಸಿ ಅಂದರು. ಒಬ್ಬೊಬ್ಬರೂ ಲಾಗ ಹಾಕಿದರು, ಶ್ಲೇಷೆ ಮಾಡಿದರು, ಚೇಷ್ಟೆ ಮಾಡಿದರು. ಯಾರೂ ನಗಲಿಲ್ಲ. ಸೋತು, ಪೆಚ್ಚುಮೋರೆ ಹಾಕಿಕೊಂಡು ತಮ್ಮ ಜಾಗಕ್ಕೆ ಹೋಗಿ ಕೂತರು. ಆಗ ಎಲ್ಲರಿಗೂ ನಗು ತಡೆಯಲಾಗಲಿಲ್ಲ! ನಗಿಸಲು ಹೊರಟಾಗ ಬಾರದ ನಗು, ನಗಿಸಲು ಆಗದೆ ನಾಚಿಕೊಂಡಾಗ ಬಂತು. ಕೋಡಂಗಿಯ ಕೆಂಪು ಮೂಗನ್ನು ಲೆಕೋಕ್ ಜಗತ್ತಿನ ಅತಿ ಚಿಕ್ಕ ಮುಖವಾಡ ಅನ್ನುತ್ತಿದ್ದರು. ಅದನ್ನು ಹಾಕಿಕೊಂಡರೆ ಮುಚ್ಚಿಡುವುದಕ್ಕೆ ಏನೂ ಉಳಿಯುವುದಿಲ್ಲ.

ನಗುವಿಗೆ ಬೇಕಾದ ಇನ್ನೊಂದು, ಯೋಚನೆ ಕಾಣಿಸಬೇಕು. ಒಬ್ಬ ಹೋಗಿ ಕಂಬಕ್ಕೆ ಡಿಕ್ಕಿ ಹೊಡೆಯುತ್ತಾನೆ ಅಂದುಕೊಳ್ಳಿ. ಹೊಡೆದ ಕೂಡಲೇ ತಲೆ ಹಿಡಿದುಕೊಂಡು ಒದ್ದಾಡಿದರೆ ಅದು ಬರೀ ಅಪಘಾತ. ಬದಲಿಗೆ ಡಿಕ್ಕಿ ಹೊಡೆದು, ನಿಂತು, ಕಂಬವನ್ನು ಮೇಲಿಂದ ಕೆಳಗೆ ನೋಡಿ, ಆಮೇಲೆ ನಿಧಾನವಾಗಿ ನಮ್ಮ ಕಡೆ ತಿರುಗಿ ನೋಡಿದರೆ? ಅವನ ತಲೆಯೊಳಗೆ ಏನು ಓಡುತ್ತಿದೆ ಅಂತ ನಮಗೆ ಅಕ್ಷರಅಕ್ಷರವಾಗಿ ಕೇಳಿಸುತ್ತದೆ. ಹೊಸಬರು ಹಾಳು ಮಾಡುವುದು ಈ ನಿಲುಗಡೆಯನ್ನೇ. ಒಂದು ಸಲಕ್ಕೆ ಒಂದೇ ಕೆಲಸ ಅನ್ನುವುದು ಇಲ್ಲಿನ ಮೊದಲ ಪಾಠ. ನೋಡುವಾಗ ನೋಡು, ನಡೆಯುವಾಗ ನಡೆ, ಎರಡನ್ನೂ ಒಟ್ಟಿಗೆ ಮಾಡಿದರೆ ಪ್ರೇಕ್ಷಕರಿಗೆ ಎರಡೂ ಕಾಣುವುದಿಲ್ಲ.

ಮಾತಿಲ್ಲದೆ ಎಷ್ಟು ಸಿಕ್ಕಿನ ವಿಷಯ ಹೇಳಬಹುದು ಅನ್ನುವುದಕ್ಕೆ ಚಾಪ್ಲಿನ್ ಅವರ 1931ರ "ಸಿಟಿ ಲೈಟ್ಸ್" ನೋಡಿ. ಅಷ್ಟರಲ್ಲಿ ಮಾತಿನ ಚಿತ್ರಗಳು ಬಂದು ನಾಲ್ಕು ವರ್ಷ ಆಗಿತ್ತು, ಈ ಮನುಷ್ಯ ಮಾತ್ರ ಬಾಯಿ ಬಿಡಲು ಒಪ್ಪಲಿಲ್ಲ. ಸಮಸ್ಯೆ ಏನೆಂದರೆ, ಹೂವು ಮಾರುವ ಕುರುಡು ಹುಡುಗಿ ಈ ಭಿಕಾರಿಯನ್ನು ಶ್ರೀಮಂತ ಅಂದುಕೊಳ್ಳಬೇಕು. ಅವಳಿಗೆ ಕಣ್ಣಿಲ್ಲ, ಚಿತ್ರಕ್ಕೆ ಮಾತಿಲ್ಲ. ಹೇಗೆ? ರಸ್ತೆಯಲ್ಲಿ ಕಾರುಗಳು ಒತ್ತಾಗಿ ನಿಂತಿವೆ. ಪೊಲೀಸನ ಕಣ್ಣು ತಪ್ಪಿಸಲು ಅಲೆಮಾರಿ ನಿಂತಿದ್ದ ದೊಡ್ಡ ಕಾರೊಂದರ ಒಳಗೆ ಆ ಬಾಗಿಲಿಂದ ಹತ್ತಿ ಈ ಬಾಗಿಲಿಂದ ಇಳಿಯುತ್ತಾನೆ, ಬಾಗಿಲು ಮುಚ್ಚುತ್ತಾನೆ. ಹುಡುಗಿ ತಲೆ ಎತ್ತಿ ಹೂವು ಚಾಚುತ್ತಾಳೆ. ಅಷ್ಟೇ! ಬಾಗಿಲ ಸದ್ದು ನಮಗೆ ಕೇಳಿಸಲಿಲ್ಲ, ಅವಳಿಗೆ ಕೇಳಿಸಿದ್ದು ನಮಗೆ ಕಾಣಿಸಿತು.

ಹೂವು ಕೆಳಗೆ ಬೀಳುತ್ತದೆ. ಅವನು ಅದನ್ನು ಎತ್ತಿಕೊಂಡ ಮೇಲೂ ಅವಳು ನೆಲ ತಡವುತ್ತಿದ್ದಾಳೆ. ಅವಳಿಗೆ ಕಣ್ಣಿಲ್ಲ ಅಂತ ಅವನಿಗೆ ಹೊಳೆಯುವುದು ಆಗ. ಕಾಸು ಕೊಡುತ್ತಾನೆ, ಚಿಲ್ಲರೆ ವಾಪಸ್ ಕೊಡಬೇಕು ಅನ್ನುವಷ್ಟರಲ್ಲಿ ಕಾರಿನ ನಿಜವಾದ ಮಾಲೀಕ ಬಂದು ಹತ್ತಿ, ಬಾಗಿಲು ಹಾಕಿಕೊಂಡು ಹೊರಟುಹೋಗುತ್ತಾನೆ. ಹುಡುಗಿ ಅಂದುಕೊಳ್ಳುತ್ತಾಳೆ, ಚಿಲ್ಲರೆ ಬಿಟ್ಟು ಹೋದ ದೊಡ್ಡ ಮನುಷ್ಯ. ಅಲೆಮಾರಿ ಉಸಿರು ಬಿಗಿಹಿಡಿದು ತುದಿಗಾಲಲ್ಲಿ ಸರಿದು, ಸ್ವಲ್ಪ ದೂರ ಕೂತು ಅವಳನ್ನೇ ನೋಡುತ್ತಾನೆ. ಅವಳು ಹೂವಿನ ಕುಂಡ ತೊಳೆದ ನೀರನ್ನು ಬೀಸಿ ಎರಚುತ್ತಾಳೆ, ನೇರ ಅವನ ಮುಖಕ್ಕೆ. ಕಣ್ಣು ತುಂಬಿ ಬರುವ ಹೊತ್ತಿಗೆ ಸರಿಯಾಗಿ ನೀರು! ಎರಡೂ ಒಂದೇ ಉಸಿರಿನಲ್ಲಿ.

ಮೂಕಿ ಚಿತ್ರಗಳ ಇನ್ನೊಬ್ಬ ಹಾಸ್ಯನಟ ಬಸ್ಟರ್ ಕೀಟನ್ ಬೇರೆ ಜಾತಿಯವರು. ಆ ಮುಖದಲ್ಲಿ ನಗುವೇ ಇಲ್ಲ, ಕಲ್ಲಿನ ಮುಖ. ಇದ್ದದ್ದೆಲ್ಲ ಮೈಯಲ್ಲಿ, ಮತ್ತೆ ಲೆಕ್ಕದಲ್ಲಿ. 1928ರ "ಸ್ಟೀಮ್‌ಬೋಟ್ ಬಿಲ್ ಜೂನಿಯರ್" ಚಿತ್ರದಲ್ಲಿ ಬಿರುಗಾಳಿ ಬೀಸುತ್ತಿದೆ, ಕೀಟನ್ ಮನೆಯೊಂದರ ಮುಂದೆ ಕಕ್ಕಾಬಿಕ್ಕಿಯಾಗಿ ನಿಂತಿದ್ದಾರೆ. ಹಿಂದಿನ ಮನೆಯ ಮುಂಭಾಗದ ಇಡೀ ಗೋಡೆ ಕಳಚಿಕೊಂಡು ಅವರ ಮೇಲೆ ಬೀಳುತ್ತದೆ. ಮೇಲಂತಸ್ತಿನ ತೆರೆದ ಕಿಟಕಿ ಸರಿಯಾಗಿ ಅವರು ನಿಂತ ಜಾಗಕ್ಕೆ ಬಂದು ಕೂತುಕೊಳ್ಳುತ್ತದೆ, ಮನುಷ್ಯ ಹಾಗೇ ನಿಂತಿರುತ್ತಾನೆ. ಗೋಡೆ ನಿಜವಾದದ್ದು, ಭಾರದ್ದು. ಕಿಟಕಿಯ ಚೌಕಟ್ಟಿಗೂ ಮೈಗೂ ನಡುವೆ ಕೆಲವೇ ಇಂಚು. ನಿಲ್ಲುವ ಜಾಗ ಒಂದು ಗೇಣು ತಪ್ಪಿದ್ದರೂ ಕಥೆ ಮುಗಿಯುತ್ತಿತ್ತು.

ಇಲ್ಲಿ ಹಗ್ಗದ ಪಾಠ ತಿರುಗಾಮುರುಗಾ ಆಗುತ್ತದೆ ನೋಡಿ. ಮೂಕಾಭಿನಯದವನು ಇಲ್ಲದ ಭಾರಕ್ಕೆ ಮೈಯಿಂದ ಉತ್ತರ ಕೊಡುತ್ತಾನೆ. ಕೀಟನ್ ಇರುವ ಭಾರಕ್ಕೆ ಉತ್ತರವನ್ನೇ ಕೊಡುವುದಿಲ್ಲ. ಅಷ್ಟು ದೊಡ್ಡ ಗೋಡೆ ಬಿದ್ದರೂ ಮೈ ಏನೂ ಹೇಳುವುದಿಲ್ಲ, ಆಮೇಲೆ ಒಂದು ಕ್ಷಣ ತಡವಾಗಿ ಅತ್ತಿತ್ತ ನೋಡುತ್ತದೆ. ಉಸಿರು ಕಟ್ಟಿಕೊಂಡು ಕೂತಿದ್ದ ನಮಗೆ ಆ ತಡವೇ ನಗುವಾಗುತ್ತದೆ.

ಈ ನಗುವಿಗೆ ತೆತ್ತ ಬೆಲೆಯೂ ಕಡಿಮೆಯಲ್ಲ. 1924ರ ಒಂದು ಚಿತ್ರೀಕರಣದಲ್ಲಿ ರೈಲಿನ ನೀರಿನ ಟ್ಯಾಂಕಿನಿಂದ ಧುಮುಕಿದ ನೀರಿನ ರಭಸಕ್ಕೆ ಕೀಟನ್ ಬಿದ್ದು ಕುತ್ತಿಗೆ ಹಳಿಗೆ ಬಡಿಯಿತು. ಮೂಳೆ ಮುರಿದಿತ್ತು ಅಂತ ಗೊತ್ತಾಗಿದ್ದು ವರ್ಷಗಳಾದ ಮೇಲೆ, ವೈದ್ಯರ ಪರೀಕ್ಷೆಯಲ್ಲಿ. 1923ರ ಚಿತ್ರವೊಂದರಲ್ಲಿ ಗಡಿಯಾರದ ಮುಳ್ಳು ಹಿಡಿದು ನೇತಾಡಿದ ಹಾಸ್ಯನಟ ಹೆರಾಲ್ಡ್ ಲಾಯ್ಡ್ ಅವರ ಬಲಗೈಯಲ್ಲಿ ಹೆಬ್ಬೆರಳೂ ತೋರುಬೆರಳೂ ಇರಲಿಲ್ಲ. 1919ರಲ್ಲಿ ಫೋಟೋಗೆಂದು ಹಿಡಿದ ಸುಳ್ಳು ಬಾಂಬು ಸುಳ್ಳಾಗಿರಲಿಲ್ಲ. ಚಿತ್ರದಲ್ಲಿ ಆ ಕೈಗೆ ಕೈಗವಸು ಇದೆ.

ಹಳೆಯ ಚಿತ್ರಗಳಲ್ಲಿ ಜನ ಯಾಕೆ ಪಟಪಟ ಓಡಾಡುತ್ತಾರೆ ಅಂತ ಕೇಳುವವರು ತುಂಬಾ. ಆಗ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು, ಸೆಕೆಂಡಿಗೆ ಸುಮಾರು 16ರಿಂದ 20 ಚೌಕಟ್ಟು, ಅಂದರೆ ಫ್ರೇಮ್. ಆಮೇಲೆ ಬಂದ ಪ್ರೊಜೆಕ್ಟರುಗಳು ಅದನ್ನೇ 24ರ ವೇಗದಲ್ಲಿ ಓಡಿಸಿದವು, ಎಲ್ಲವೂ ಚುರುಕಾಯಿತು. ಆದರೆ ಎಲ್ಲ ಅವಸರವೂ ಯಂತ್ರದ ತಪ್ಪಲ್ಲ. ಓಟದ ದೃಶ್ಯಗಳಲ್ಲಿ ಬೇಕೆಂದೇ ನಿಧಾನವಾಗಿ ತಿರುಗಿಸಿ ವೇಗ ಹೆಚ್ಚಿಸುವ ಜಾಣತನವೂ ಇತ್ತು.

ಮೂಕ ಅಂದರೆ ಸದ್ದೇ ಇಲ್ಲ ಅಂತಲೂ ಅಲ್ಲ. ಇಟಲಿಯ ಹಳೆಯ ಹಾಸ್ಯ ನಾಟಕಗಳಲ್ಲಿ ಎರಡು ಮರದ ಪಟ್ಟಿ ಸೇರಿಸಿದ ಕೋಲು ಇರುತ್ತಿತ್ತು. ಮೆಲ್ಲಗೆ ತಟ್ಟಿದರೂ ಪಟಾರ್ ಅಂತ ಸದ್ದು, ಪೆಟ್ಟು ಮಾತ್ರ ಇಲ್ಲ. ಬೀಳುವ, ಹೊಡೆದಾಡುವ ಹಾಸ್ಯಕ್ಕೆ ಸ್ಲ್ಯಾಪ್‌ಸ್ಟಿಕ್ ಅನ್ನುವ ಹೆಸರು ಅಂಥ ಕೋಲಿನಿಂದ ಬಂದದ್ದು. 1987ರ "ಪುಷ್ಪಕ ವಿಮಾನ"ದಲ್ಲಿ ಸಂಭಾಷಣೆ ಇಲ್ಲ, ಆದರೆ ಊರಿನ ಸದ್ದೆಲ್ಲ ಇದೆ. 1990ರಿಂದ ಟಿವಿಯಲ್ಲಿ ಬಂದ ಮಿಸ್ಟರ್ ಬೀನ್ ಆಗಾಗ ಗೊಣಗುತ್ತಾನೆ, ಅದು ಯಾವ ಭಾಷೆಯವರಿಗೂ ಅಡ್ಡಿಯಾಗಿಲ್ಲ.

ಓದಿ ಸಾಕಾಗಿದ್ದರೆ ಒಂದು ಸಲ ಮಾಡಿ ನೋಡಿ. ಮೇಜಿನ ಮೇಲೆ ನಿಜವಾದ ಲೋಟದಲ್ಲಿ ನೀರಿಟ್ಟು, ಎತ್ತಿ ಕುಡಿಯಿರಿ. ಕೈಯನ್ನು ಗಮನಿಸಿ. ಲೋಟ ತಲುಪುವ ಮೊದಲೇ ಬೆರಳು ಅದರ ಅಗಲಕ್ಕೆ ತೆರೆದುಕೊಂಡಿರುತ್ತದೆ. ಹಿಡಿದ ಮೇಲೆ ಒಂದು ಕ್ಷಣ ಏನೂ ಆಗುವುದಿಲ್ಲ, ಆಮೇಲೆ ಭಾರ ಬರುತ್ತದೆ. ತುಟಿ ಲೋಟದ ಕಡೆ ಸ್ವಲ್ಪ ಮುಂದೆ ಹೋಗುತ್ತದೆ. ನೀರು ಇಳಿಯುತ್ತಿದ್ದಂತೆ ತಲೆ ಹಿಂದಕ್ಕೆ, ಲೋಟ ಹಗುರ. ಈಗ ಲೋಟ ಪಕ್ಕಕ್ಕಿಟ್ಟು, ಮನೆಯವರನ್ನು ಎದುರಿಗೆ ಕೂರಿಸಿಕೊಂಡು ಅದನ್ನೇ ಬರಿಗೈಯಲ್ಲಿ ಮಾಡಿ. ಮುಷ್ಟಿ ಪೂರ್ತಿ ಮುಚ್ಚಬೇಡಿ, ಒಳಗೆ ಲೋಟ ಇದೆ. ಕುಡಿದ ಮೇಲೆ ಅದನ್ನು ಎತ್ತಿಕೊಂಡ ಎತ್ತರದಲ್ಲೇ ಮೇಜಿನ ಮೇಲಿಡಿ, ಬೆರಳು ಬಿಡಿಸಿ, ಆಮೇಲೆ ಕೈ ಹಿಂದಕ್ಕೆ ತನ್ನಿ. ಹೆಚ್ಚಿನವರು ಇದನ್ನು ಮರೆತು, ಕುಡಿದ ಕೈಯಲ್ಲೇ ಬಾಯಿ ಒರೆಸಿಕೊಂಡುಬಿಡುತ್ತಾರೆ. ಎದುರಿಗೆ ಕೂತ ಮಕ್ಕಳಲ್ಲಿ ಒಬ್ಬರಾದರೂ ಕೇಳಿಯೇ ಕೇಳುತ್ತಾರೆ, "ಲೋಟ ಎಲ್ಲಿ ಹೋಯ್ತು?"